ಡೈರೆಕ್ಟರ್ ಆಗಬೇಕಾದರೆ ನಾಟಕದಿಂದ ಶುರು ಮಾಡಬೇಕಾ, ಸೀರಿಯಲ್‌ನಿಂದಾ?

ನಾನು ಹಾಸನದಲ್ಲಿ ನಾಟಕ ಮಾಡಿಸುತ್ತೇನೆ. ಬೆಂಗಳೂರಿನಲ್ಲಿ ಸೀರಿಯಲ್‌ಗಳಿಗೆ ಸಂಚಿಕೆ ನಿರ್ದೇಶಕನಾಗಿಯೂ ಕೆಲಸ ಮಾಡಿದ್ದೇನೆ. ಇದು ಗೊತ್ತಾದ ಕೂಡಲೇ ಜನ ಕೇಳುವುದು ಒಂದೇ ಪ್ರಶ್ನೆ. "ನಮ್ಮ ಹುಡುಗನಿಗೆ ಡೈರೆಕ್ಟರ್ ಆಗಬೇಕಂತೆ. ನಾಟಕ ಗೀಟಕ ಅಂತ ಶುರು ಮಾಡಬೇಕಾ, ಸೀದಾ ಸೀರಿಯಲ್ ಸೆಟ್ಟಿಗೆ ಹೋಗಬೇಕಾ?" ಮದುವೆ ಊಟದ ಪಂಕ್ತಿಯಲ್ಲಿ ಕೇಳುತ್ತಾರೆ, ಎನ್.ಆರ್. ಸರ್ಕಲ್‌ನಲ್ಲಿ ಬಸ್ಸು ಕಾಯುವಾಗ ಕೇಳುತ್ತಾರೆ. ಈಚೆಗೆ ಹುಡುಗಿಯರ ಅಪ್ಪ ಅಮ್ಮನೂ ಕೇಳುತ್ತಿದ್ದಾರೆ. ಅದು ಖುಷಿಯ ವಿಷಯ.

ನನ್ನ ಉತ್ತರ: ನಾಟಕದಿಂದ. ಅದರಲ್ಲೂ ಸಾಧ್ಯವಾದರೆ ನಮ್ಮ ಹಳ್ಳಿ ಕಡೆಯ ಕುರುಕ್ಷೇತ್ರ ನಾಟಕದಿಂದ.

ಇಷ್ಟು ಹೇಳಿದರೆ ಬಹಳ ಜನ ನಗುತ್ತಾರೆ. ಹೆಗ್ಗೋಡಿನ ನಾಟಕ ಶಾಲೆ ನೀನಾಸಂ ಅಂದಿದ್ದರೆ ತಲೆಯಾಡಿಸುತ್ತಿದ್ದರು. ಹಾಗಾಗಿ ಸ್ವಲ್ಪ ಬಿಡಿಸಿ ಹೇಳುತ್ತೇನೆ.

ಈ ಕಡೆಯ ಪೌರಾಣಿಕ ನಾಟಕ ನೋಡದವರಿಗಾಗಿ: ಊರಿನವರು ಸೇರಿ ಒಂದು ಕಲಾ ಸಂಘ ಮಾಡಿಕೊಳ್ಳುತ್ತಾರೆ. ರೈತರು, ಸ್ಕೂಲ್ ಮೇಷ್ಟ್ರು, ಬಸ್ ಡ್ರೈವರ್, ಪಂಚಾಯ್ತಿ ಮೆಂಬರ್, ಎಲ್ಲರೂ ಇರುತ್ತಾರೆ. ಒಬ್ಬ ಹಾರ್ಮೋನಿಯಂ ಮೇಷ್ಟ್ರನ್ನು ಕರೆಸುತ್ತಾರೆ. ಅವರೇ ಡೈರೆಕ್ಟರ್, ಅವರೇ ಮ್ಯೂಸಿಕ್ ಡೈರೆಕ್ಟರ್. ಪಾತ್ರ ಮಾಡುವವನಿಗೆ ಇಲ್ಲಿ ಯಾರೂ ದುಡ್ಡು ಕೊಡುವುದಿಲ್ಲ, ಅವನೇ ಕೊಡಬೇಕು. ಕೃಷ್ಣ, ದುರ್ಯೋಧನ ಅಂದರೆ ರೇಟು ಜಾಸ್ತಿ. ವಿದುರ ಅಗ್ಗ. ಕೃಷ್ಣನಾಗಲು ಇಬ್ಬರು ದುಡ್ಡು ಹಿಡಿದು ನಿಂತರೆ ಕೃಷ್ಣನನ್ನೇ ಪಾಲು ಮಾಡುತ್ತಾರೆ, ರಾಯಭಾರಕ್ಕೆ ಒಬ್ಬ, ಯುದ್ಧಕ್ಕೆ ಇನ್ನೊಬ್ಬ. ದ್ರೌಪದಿ, ಕುಂತಿ ಮಾಡಲು ವೃತ್ತಿ ಕಲಾವಿದೆಯರು ಬರುತ್ತಾರೆ. ಸಂಭಾವನೆ ಅವರಿಗೆ ಮಾತ್ರ. ರಿಹರ್ಸಲ್‌ಗೆ ಕಡೇ ಗಳಿಗೆಯಲ್ಲಿ ಬರುತ್ತಾರೆ, ಎಲ್ಲರಿಗಿಂತ ಚೆನ್ನಾಗಿ ಮಾಡಿ ಹೋಗುತ್ತಾರೆ. ಸೀನರಿ, ಡ್ರೆಸ್ಸು, ಕಿರೀಟ, ಲೈಟು ಎಲ್ಲವೂ ಬಾಡಿಗೆಗೆ.

ಈಗ ಆ ಮೇಷ್ಟ್ರ ಪಾಡು ಯೋಚಿಸಿ. ನಟರನ್ನು ಅವರು ಆರಿಸಿಲ್ಲ. ಕಥೆಯಲ್ಲಿ ಕೈಯಾಡಿಸುವ ಹಾಗಿಲ್ಲ, ಎದುರಿಗೆ ಕೂತವರಿಗೆ ಪದ್ಯ ಸಮೇತ ಬಾಯಿಗೆ ಬರುತ್ತದೆ. ಶ್ರುತಿಯೇ ಹಿಡಿಯದ ಭೀಮನಿಂದ ಕಂದ ಪದ್ಯ ಹಾಡಿಸಬೇಕು. ಬೈಯ್ಯುವ ಹಾಗೂ ಇಲ್ಲ. ದುಡ್ಡು ಕೊಟ್ಟವನು, ಟವಲ್ ಕೊಡವಿ ಎದ್ದು ಹೋಗುತ್ತಾನೆ. ಎಲ್ಲರೂ ಹೊಲ ಗದ್ದೆ ಕೆಲಸ ಮುಗಿಸಿ, ಉಂಡು, ರಾತ್ರಿ ತೂಕಡಿಸುತ್ತಾ ಬರುತ್ತಾರೆ. ನಾಟಕವೋ ಬೆಳಗಿನ ತನಕ. ನಡುವೆ ಮನೆಗೆ ಹೋಗಿ ಒಂದು ನಿದ್ದೆ ತೆಗೆದು ಬಂದವನಿಗೂ ಕಥೆ ಎಲ್ಲಿಗೆ ಬಂತು ಅಂತ ಒಂದೇ ಪದ್ಯದಲ್ಲಿ ತಿಳಿಯಬೇಕು.

ಸೀರಿಯಲ್ ಸೆಟ್ಟಿಗೆ ಕಾಲಿಟ್ಟಾಗ ನನಗೆ ಇದೆಲ್ಲ ನೋಡಿದ್ದೇ ಅನ್ನಿಸಿತು. ಅಲ್ಲೂ ಮುಖ್ಯ ನಟರನ್ನು ಚಾನೆಲ್ ಒಪ್ಪಿ ಆಗಿರುತ್ತದೆ. ಕಥೆ ಒಬ್ಬರದು, ಚಿತ್ರಕಥೆ ಇನ್ನೊಬ್ಬರದು, ಸಂಭಾಷಣೆ ಮತ್ತೊಬ್ಬರದು. ಪ್ರಧಾನ ನಿರ್ದೇಶಕ ಅಂತ ಒಬ್ಬರು ಇರುತ್ತಾರೆ, ಅವರ ಕೆಳಗೆ ನನ್ನಂಥ ಸಂಚಿಕೆ ನಿರ್ದೇಶಕರು. ಒಲೆ ಮೇಲೆ ಸಾರಿಟ್ಟು ಬಂದು ಕೂತವರಿಗೆ ಯಾರು ಯಾರ ಮೇಲೆ ಸಿಟ್ಟಾಗಿದ್ದಾರೆ ಅಂತ ತಕ್ಷಣ ಗೊತ್ತಾಗಬೇಕು. "ಒಂದು ಮಾತಿಗೆ ಆರು ಮುಖ ಯಾಕೆ ತೋರಿಸ್ತೀರಾ?" ಅಂತ ಎಲ್ಲರೂ ಗೇಲಿ ಮಾಡುತ್ತಾರೆ, ಅಲ್ವಾ? ಅದಕ್ಕೆ ಒಂದು ಕಾರಣ ಇದು. ಇನ್ನೊಂದು ಕಾರಣವನ್ನೂ ಹೇಳಿಬಿಡುತ್ತೇನೆ, ಸಂಚಿಕೆಯ ಉದ್ದ ತುಂಬಬೇಕು.

ಅರ್ಧ ಗಂಟೆಯ ಸ್ಲಾಟಿನಲ್ಲಿ ಜಾಹೀರಾತು ಕಳೆದರೆ ಕಥೆಗೆ ಸಿಗುವುದು ಸುಮಾರು 20ರಿಂದ 22 ನಿಮಿಷ. ವಾರಕ್ಕೆ ಐದಾರು ಸಂಚಿಕೆ. ಅಂದರೆ ದಿನಕ್ಕೆ ಹೆಚ್ಚೂಕಡಿಮೆ ಒಂದು ಸಂಚಿಕೆಯಷ್ಟು ತೆಗೆಯಲೇಬೇಕು. ಸೀನ್ ಪೇಪರ್ ಬೆಳಿಗ್ಗೆ ಬರುತ್ತದೆ, ಕೆಲವು ದಿನ ಮೇಕಪ್ ಮುಗಿದ ಮೇಲೆ ವಾಟ್ಸಾಪ್‌ನಲ್ಲಿ. ಬಾಯಿಪಾಠ ಮಾಡಲು ಸಮಯ ಎಲ್ಲಿ? ಕ್ಯಾಮೆರಾ ಪಕ್ಕ ನಿಂತು ಅಸಿಸ್ಟೆಂಟ್ ಒಂದೊಂದೇ ಸಾಲು ಪ್ರಾಂಪ್ಟ್ ಮಾಡುತ್ತಾನೆ, ನಟರು ಹೇಳುತ್ತಾರೆ. ಎಲ್ಲರೂ ಕಾಣುವ ಮಾಸ್ಟರ್ ಶಾಟ್, ಕ್ಲೋಸಪ್, ಒಬ್ಬರ ಭುಜದ ಮೇಲಿಂದ ಇನ್ನೊಬ್ಬರನ್ನು ತೋರಿಸುವ ಸಜೆಷನ್, ರಿಯಾಕ್ಷನ್, ಮುಂದಿನ ಸೀನ್. ಒಂದಿಷ್ಟು ಸಂಚಿಕೆ ಬ್ಯಾಂಕಿಂಗ್ ಇದ್ದರೆ, ಅಂದರೆ ಮೊದಲೇ ತೆಗೆದಿಟ್ಟಿದ್ದರೆ, ಉಸಿರಾಡಬಹುದು. ಇಲ್ಲದಿದ್ದರೆ ಇವತ್ತು ತೆಗೆದದ್ದು ನಾಳೆ ಪ್ರಸಾರ. ಗುರುವಾರ ಟಿಆರ್‌ಪಿ ಬರುತ್ತದೆ. ಬಿದ್ದಿದ್ದರೆ ಕಥೆಯಲ್ಲಿ ಸತ್ತವನು ಬದುಕಿ ಬಂದರೂ ಬಂದನೇ.

ಈ ಗಡಿಬಿಡಿಯಲ್ಲಿ ಕ್ಯಾಮೆರಾ ಎಲ್ಲಿಡಬೇಕು ಅಂತ ಕಲಿಯಬಹುದು. ಎಡಿಟಿಂಗ್ ಟೇಬಲ್ ಮುಂದೆ ಕೂತು ಇನ್ನೂ ಜಾಸ್ತಿ ಕಲಿಯಬಹುದು. ನಾಟಕದಿಂದ ಹೋದವರು ಇದರಲ್ಲಿ ಹಿಂದೆ, ಒಪ್ಪುತ್ತೇನೆ. ನಾಲ್ಕು ಜನರನ್ನು ಸಾಲಾಗಿ ಎದುರಿಗೆ ಮುಖ ಮಾಡಿ ನಿಲ್ಲಿಸಿಬಿಡುತ್ತಾರೆ, ಗ್ರೂಪ್ ಫೋಟೋ ಥರ. ಆದರೆ ನಟರ ಜೊತೆ ಮಾತಾಡುವುದನ್ನು ಸೆಟ್ಟಿನಲ್ಲಿ ಯಾರೂ ಕಲಿಸುವುದಿಲ್ಲ. "ಮೇಡಂ, ಇನ್ನೂ ಸ್ವಲ್ಪ ಅಳಿ" ಅಂದರೆ ಗ್ಲಿಸರಿನ್ ಹಾಕಿಕೊಂಡು ಅಳುತ್ತಾರೆ. "ಅತ್ತೆ ಬಾಗಿಲಲ್ಲಿ ನಿಂತಿದ್ದಾರೆ, ನೀವು ಅತ್ತಿದ್ದು ಅವರಿಗೆ ಗೊತ್ತಾಗಬಾರದು" ಅಂದು ನೋಡಿ, ಅದೇ ನಟಿ ಬೇರೆಯೇ ಏನೋ ಮಾಡುತ್ತಾರೆ. ಇಂಥ ಮಾತು ಎರಡು ನಿಮಿಷದಲ್ಲಿ ಹೊಳೆಯಬೇಕಾದರೆ ಮೊದಲು ಎಲ್ಲೋ ಎರಡು ತಿಂಗಳು ಒಂದೇ ದೃಶ್ಯದ ಹಿಂದೆ ಬಿದ್ದಿರಬೇಕು. ಆ ಎರಡು ತಿಂಗಳು ಕೊಡುವುದು ನಾಟಕ ಮಾತ್ರ.

ಇನ್ನೊಂದು ಲಾಭವೂ ಇದೆ. ಪರದೆ ಎದ್ದ ಮೇಲೆ ನಾಟಕದ ಡೈರೆಕ್ಟರ್‌ಗೆ ಕೆಲಸವಿಲ್ಲ. ಹಾಸನಾಂಬ ಕಲಾಕ್ಷೇತ್ರದಲ್ಲಿ ನಮ್ಮ ನಾಟಕ ಇದ್ದಾಗ ನಾನು ಹಿಂದಿನ ಸಾಲಿನ ಹತ್ತಿರ ನಿಲ್ಲುತ್ತೇನೆ. ಯಾವ ಮಾತಿಗೆ ಜನ ಕೆಮ್ಮಲು ಶುರು ಮಾಡಿದರು, ಎಲ್ಲಿ ಮೊಬೈಲ್ ಬೆಳಕು ಹತ್ತಿಕೊಂಡಿತು, ಎಲ್ಲಿ ಮಕ್ಕಳೂ ಸುಮ್ಮನಾದರು, ಎಲ್ಲವೂ ಅಲ್ಲೇ ತಿಳಿಯುತ್ತದೆ. ಅಷ್ಟು ಖಚಿತವಾದ ವರದಿ ಯಾವ ಗುರುವಾರವೂ ಬರುವುದಿಲ್ಲ.

ಟೀವಿಯಲ್ಲಿ ದೊಡ್ಡ ಕೆಲಸ ಮಾಡಿದವರನ್ನು ನೋಡಿ. ಶಂಕರ್ ನಾಗ್ ಮುಂಬೈನ ಮರಾಠಿ ರಂಗಭೂಮಿಯಲ್ಲಿ ಪಳಗಿ ಬಂದವರು. ಸಿನಿಮಾದಲ್ಲಿ ಪುರುಸೊತ್ತಿಲ್ಲದ ದಿನಗಳಲ್ಲೂ ಸಂಕೇತ್ ತಂಡದಿಂದ ನಾಟಕ ಮಾಡಿಸಿದರು. 1980ರ ದಶಕದಲ್ಲಿ ಆಗುಂಬೆಯನ್ನೇ ಸೆಟ್ ಮಾಡಿಕೊಂಡು 'ಮಾಲ್ಗುಡಿ ಡೇಸ್' ತೆಗೆದಾಗ ಅದರ ತುಂಬ ನಾಟಕದ ನಟರೇ. ಟಿ.ಎನ್. ಸೀತಾರಾಮ್ ಕೂಡ ಮೊದಲು ನಾಟಕಕಾರರು. 1998ರಲ್ಲಿ ಪಿ. ಶೇಷಾದ್ರಿ, ನಾಗೇಂದ್ರ ಶಾ ಜೊತೆ ಸೇರಿ 'ಮಾಯಾಮೃಗ' ಮಾಡಿದರು. ಅವರ ಸೀರಿಯಲ್‌ಗಳ ಕೋರ್ಟ್ ಸೀನುಗಳನ್ನು ನೆನಪಿಸಿಕೊಳ್ಳಿ. ಜನ ನಿಂತು ಮಾತಾಡುತ್ತಾರೆ, ಅಷ್ಟೇ. ಆದರೂ ನಮ್ಮ ಮನೆಯಲ್ಲಿ ಯಾರೂ ಜಾಗ ಬಿಟ್ಟು ಏಳುತ್ತಿರಲಿಲ್ಲ. ಮಾತಿನ ಮೇಲೇ ಪ್ರೇಕ್ಷಕನನ್ನು ಕೂರಿಸಬಹುದು ಅನ್ನುವ ಧೈರ್ಯ ನಾಟಕದವರಿಗೆ ಇರುತ್ತದೆ. ಆಮೇಲೆ ಚಾನೆಲ್‌ಗಳು ಹೆಚ್ಚಿದವು. ಉದಯ 1994ರಲ್ಲೇ ಬಂದಿತ್ತು, 2000ದಲ್ಲಿ ಈಟಿವಿ, 2006ರಲ್ಲಿ ಜೀ ಕನ್ನಡ. ಕೆಲಸ ಹೆಚ್ಚಿತು, ಜೊತೆಗೆ ಅವಸರವೂ ಹೆಚ್ಚಿತು.

ಕ್ರಮವಾಗಿ ಕಲಿಯಬೇಕು ಅನ್ನುವವರಿಗೆ ಹೆಗ್ಗೋಡಿನಲ್ಲಿ ನೀನಾಸಂ ರಂಗಶಿಕ್ಷಣ ಕೇಂದ್ರ 1980ರಿಂದ ಇದೆ. ನಮಗೆ ಇನ್ನೂ ಹತ್ತಿರ ಅಂದರೆ ಅರಸೀಕೆರೆ ದಾಟಿ ಹೊಸದುರ್ಗ ತಾಲ್ಲೂಕಿನ ಸಾಣೇಹಳ್ಳಿ. ಅಲ್ಲಿನ ನಾಟಕ ತಂಡ ಶಿವಸಂಚಾರ 1997ರಿಂದ ಊರೂರು ಸುತ್ತುತ್ತಿದೆ. ಇಂಥ ತಿರುಗಾಟದ ತಂಡದಲ್ಲಿ ಒಂದು ವರ್ಷ ಓಡಾಡಿದವನನ್ನು ಸೆಟ್ಟಿನಲ್ಲಿ ಯಾರೂ ಹೆದರಿಸಲಾಗುವುದಿಲ್ಲ. ದಿನಾ ಹೊಸ ವೇದಿಕೆ. ಒಂದು ಊರಲ್ಲಿ ವಿಂಗ್ ಇಲ್ಲ, ಇನ್ನೊಂದು ಊರಲ್ಲಿ ಕರೆಂಟಿಲ್ಲ. ನಾಟಕ ಮಾತ್ರ ಹೇಳಿದ ಹೊತ್ತಿಗೆ ಆಗಬೇಕು.

ದುಡ್ಡು? ಕೇಳಿಯೇ ಕೇಳುತ್ತೀರಿ. ನಾಟಕದಲ್ಲಿ ಹೊಟ್ಟೆ ತುಂಬುವುದು ಬಹಳ ಕಷ್ಟ. ನಮ್ಮ ತಂಡದಲ್ಲಿ ಎಲ್ಲರಿಗೂ ಬೇರೆ ನೌಕರಿಯೋ ತೋಟವೋ ಇದೆ. ಸೀರಿಯಲ್‌ನಲ್ಲಿ ದುಡ್ಡಿದೆ. ಆದರೆ ಅಸಿಸ್ಟೆಂಟ್ ಆಗಿರುವ ತನಕ ಬೆಂಗಳೂರಿನ ಬಾಡಿಗೆಗೇ ಸರಿಹೋಗುತ್ತದೆ, ಅದೂ ಕೈಗೆ ಬರುವುದು ತಿಂಗಳುಗಟ್ಟಲೆ ತಡವಾಗಿ. ಸೀರಿಯಲ್ ನಿಂತರೆ ಸಂಬಳವೂ ನಿಂತಿತು. ನಾನು ದುಡಿಯಲು ಅಲ್ಲಿಗೆ ಹೋಗುತ್ತೇನೆ, ನಾಟಕ ಮಾಡಲು ಇಲ್ಲಿಗೆ ಬರುತ್ತೇನೆ. ಇದರಲ್ಲಿ ತ್ಯಾಗವೂ ಇಲ್ಲ, ನಾಚಿಕೆಯೂ ಇಲ್ಲ.

ಹಾಗಾಗಿ ಹುಡುಗನನ್ನೋ ಹುಡುಗಿಯನ್ನೋ ಈ ಬೇಸಿಗೆಯಲ್ಲಿ ನಿಮ್ಮೂರ ಹಾರ್ಮೋನಿಯಂ ಮೇಷ್ಟ್ರ ಪಕ್ಕ ಕೂರಿಸಿ. ಪಾತ್ರ ಕೊಡಿಸಬೇಡಿ, ದುಡ್ಡು ದಂಡ. ಸೈಡ್ ವಿಂಗಿನಲ್ಲಿ ಪುಸ್ತಕ ಹಿಡಿದು ಪ್ರಾಂಪ್ಟರ್ ಆಗಲಿ. ಯಾವ ನಟ ಎಲ್ಲಿ ತಡವರಿಸುತ್ತಾನೆ, ಯಾಕೆ ತಡವರಿಸುತ್ತಾನೆ ಅಂತ ಮೊದಲು ಗೊತ್ತಾಗುವುದು ಪ್ರಾಂಪ್ಟರ್‌ಗೇ. ಸೀರಿಯಲ್‌ಗೆ ಹೋದರೂ ಮೊದಲು ಕೈಗೆ ಕೊಡುವುದು ಬಹುಶಃ ಅದೇ ಕೆಲಸ. ಸುತ್ತಮುತ್ತ ನಾಟಕ ನಡೆಯದಿದ್ದರೆ ನಮ್ಮ ತಂಡಕ್ಕೆ ಕಳಿಸಿ. ರಿಹರ್ಸಲ್ ಸಂಜೆ ಆರರ ಮೇಲೆ, ಪ್ರಾಂಪ್ಟರ್ ಯಾವಾಗಲೂ ಬೇಕು, ಸಂಬಳ ಇಲ್ಲ, ಟೀ ಇದೆ.