ವಿವರಣೆಯ ದನಿ ಇಲ್ಲದ ಸರಕಾರಿ ಚಿತ್ರ

ಕಾರವಾರ, 16 ನವೆಂಬರ್ 2025, ಭಾನುವಾರ

ಕೇಂದ್ರ ಸರಕಾರದ ಸಾಕ್ಷ್ಯಚಿತ್ರ ಸಂಸ್ಥೆಯಾಗಿದ್ದ ಫಿಲ್ಮ್ಸ್ ಡಿವಿಜನ್ ಎಂದರೆ ನಮ್ಮ ತಲೆಮಾರಿನವರಿಗೆ ನೆನಪಾಗುವುದು, ಸಿನಿಮಾ ಶುರುವಾಗುವ ಮುನ್ನ ಥಿಯೇಟರಿನವರು ಕಡ್ಡಾಯವಾಗಿ ತೋರಿಸಬೇಕಾಗಿದ್ದ, ಅಣೆಕಟ್ಟಿನ ಮೇಲೂ ಪ್ರವಾಹದ ಮೇಲೂ ಒಂದೇ ಗಂಭೀರ ಗಂಡುದನಿ ವಿವರಣೆ ಕೊಡುತ್ತ ಹೋಗುವ ಕಪ್ಪು ಬಿಳುಪಿನ ಚಿತ್ರ. 1948ರಲ್ಲಿ ಹುಟ್ಟಿದ ಆ ಸಂಸ್ಥೆಯ ಒಳಗಿದ್ದುಕೊಂಡೇ ಆ ದನಿಯನ್ನು ಕೈಬಿಟ್ಟವರಲ್ಲಿ ಎಸ್.ಎನ್.ಎಸ್. ಶಾಸ್ತ್ರಿಯವರು ಪ್ರಮುಖರು. ಕ್ಯಾಮೆರಾ ಹಿಡಿದು ಪಳಗಿ ನಿರ್ದೇಶಕರಾದ ಅವರಿಗೆ, 1960ರ ದಶಕದ ನಡುವಿನಲ್ಲಿ ಪ್ರಯೋಗಗಳಿಗೆ ಬೆಂಬಲ ಕೊಡುತ್ತಿದ್ದ ಜೀನ್ ಭಾವನಗರಿಯವರು ಸಂಸ್ಥೆಗೆ ಸಲಹೆಗಾರರಾಗಿ ಬಂದದ್ದು ಅನುಕೂಲವಾಯಿತು. ಅದೇ ಸಂಸ್ಥೆಯ ಇನ್ನೊಬ್ಬ ನಿರ್ದೇಶಕ ಪ್ರಮೋದ್ ಪತಿಯವರ ಪ್ರಯೋಗಗಳೂ ಆ ಕಾಲದವೇ.

ಇಂದು ಯೂಟ್ಯೂಬಿನಲ್ಲಿ ಶಾಸ್ತ್ರಿಯವರ 'ಐ ಆ್ಯಮ್ 20' ಚಿತ್ರವನ್ನು ಮತ್ತೆ ನೋಡಿದೆ. ಸ್ವಾತಂತ್ರ್ಯಕ್ಕೆ ಇಪ್ಪತ್ತು ತುಂಬಿದ 1967ರಲ್ಲಿ, ದೇಶದಷ್ಟೇ ವಯಸ್ಸಿನ ಹುಡುಗ ಹುಡುಗಿಯರನ್ನು ಕ್ಯಾಮೆರಾದ ಮುಂದೆ ಕೂರಿಸಿ ಮಾತನಾಡಿಸಿದ ಚಿತ್ರವದು. ವಿಷಯವನ್ನು ಕೇಳಿದರೆ ಸರಕಾರದ ಹುಟ್ಟುಹಬ್ಬದ ಆಚರಣೆ ಎನಿಸಬೇಕು. ಆದರೆ ಒಬ್ಬನ ಹುಮ್ಮಸ್ಸಿನ ಮಾತು ಮುಗಿಯುವಷ್ಟರಲ್ಲಿ ಇನ್ನೊಬ್ಬನ ಬೇಸರ ಬಂದು ಎದುರು ನಿಲ್ಲುತ್ತದೆ; ಓದಿದವರ ಇಂಗ್ಲಿಷಿನ ಪಕ್ಕದಲ್ಲೇ ದುಡಿದು ತಿನ್ನುವವರ ಮಾತು ಬರುತ್ತದೆ; ಯಾರು ಸರಿ ಎಂದು ಹೇಳುವವರು ಅಲ್ಲಿ ಯಾರೂ ಇಲ್ಲ. ಶಾಸ್ತ್ರಿಯವರ ಅಭಿಪ್ರಾಯವೆಲ್ಲ ಇರುವುದು ಎಡಿಟಿಂಗ್ ಮೇಜಿನಲ್ಲಿ, ಯಾವ ಮಾತಿನ ಬೆನ್ನಿಗೆ ಯಾವ ಮಾತನ್ನು ಇಟ್ಟರು ಎನ್ನುವುದರಲ್ಲಿ.

ಮರುವರ್ಷದ 'ಆ್ಯಂಡ್ ಐ ಮೇಕ್ ಶಾರ್ಟ್ ಫಿಲ್ಮ್ಸ್' ಇನ್ನೂ ಧೈರ್ಯದ ಚಿತ್ರ. ಕಿರುಚಿತ್ರ ಮಾಡುವುದೇ ಅದರ ವಸ್ತು, ಕಾಣುವುದೊಂದು, ಕೇಳುವುದೊಂದು. ನನಗೆ ಮಾತ್ರ ಅದರ ಚುರುಕು ಒಮ್ಮೊಮ್ಮೆ ಅತಿಯಾಯಿತು ಎನಿಸುತ್ತದೆ. ಮುಖಗಳ ಮೇಲೆ ನಿಲ್ಲುವ ತಾಳ್ಮೆ ಇರುವುದರಿಂದಲೇ ಮೊದಲನೆಯದು ಹೆಚ್ಚು ಬಾಳುತ್ತದೆ.

ಇದನ್ನೆಲ್ಲ ಬರೆಯಲು ಕಾರಣ ಬೈತಖೋಲ ಬಂದರಿನಲ್ಲಿ ನಾನು ಮತ್ತು ತಮ್ಮ ಚಿತ್ರೀಕರಿಸುತ್ತಿರುವ ಪುಟ್ಟ ಸಾಕ್ಷ್ಯಚಿತ್ರ. ಬೋಟಿನಿಂದ ಬಂಗಡೆಯ ಬುಟ್ಟಿಗಳು ಇಳಿಯುವ ದೃಶ್ಯಕ್ಕೆ ಹಿನ್ನೆಲೆಯ ವಿವರಣೆ ಬರೆದುಕೊಡು ಎಂದು ಅವನು ಬೆನ್ನುಹತ್ತಿದ್ದಾನೆ. ಮೀನು ಕಡಿಮೆಯಾಗಿದ್ದಕ್ಕೆ ಬೆಳಕು ಹಾಕಿ ಹಿಡಿಯುವವರೇ ಕಾರಣ ಎಂದು ತಾಂಡೇಲ, ಅಂದರೆ ಬೋಟು ನಡೆಸುವವನು, ಹೇಳಿದ್ದಾನೆ. ಅದೇ ಬೋಟಿನಲ್ಲಿ ದುಡಿಯುವ ಆಳು, ಕಲಾಸಿ, ಮಂಜುಗಡ್ಡೆ ಒಡೆಯುತ್ತಲೇ, ತನಗೆ ಸಿಗುವ ಪಾಲು ಮೀನು ಹೆಚ್ಚಿದ್ದಾಗಲೂ ಇಷ್ಟೇ ಇತ್ತು ಎಂದು ನಕ್ಕಿದ್ದಾನೆ. ಇವೆರಡರ ನಡುವೆ ನನ್ನ ಒಂದು ವಾಕ್ಯ ಸೇರಿದರೂ ಕಲಾಸಿಯ ಮಾತು ಸಪ್ಪೆಯಾಗುತ್ತದೆ. ಆದ್ದರಿಂದ ವಿವರಣೆ ಬರೆಯುವುದಿಲ್ಲವೆಂದು ತಮ್ಮನಿಗೆ ಹೇಳಿಬಿಟ್ಟೆ. 'ಹಂಗಾದ್ರೆ ಜನಕ್ಕೆ ತಿಳೀಬೇಕಲ್ಲಕ್ಕ' ಎಂದ. ಕಲಾಸಿಯ ಮಾತನ್ನು ಮೊದಲು ಇಟ್ಟು, ತಾಂಡೇಲನದನ್ನು ಆಮೇಲೆ ಜೋಡಿಸಿ ಒಮ್ಮೆ ನೋಡು ಎಂದಿದ್ದೇನೆ.