ಉಮಾಶ್ರೀ ಆ ಕಾಮಿಡಿಗಳನ್ನೆಲ್ಲ ಯಾಕೆ ಮಾಡಿದರು?

ಭಾನುವಾರಗಳಂದು ನಾನು ಹುಡುಗ ಹುಡುಗಿಯರಿಗೆ ನಾಟಕದ ತಾಲೀಮು ಮಾಡಿಸುತ್ತೇನೆ. ಮಾತಿನ ನಡುವೆ ಉಮಾಶ್ರೀ ಅವರ ಹೆಸರು ಬಂದೇ ಬರುತ್ತದೆ. ಆಗ ಒಬ್ಬರಲ್ಲ ಒಬ್ಬರು ಕೇಳುತ್ತಾರೆ: "ಅಷ್ಟು ದೊಡ್ಡ ನಟಿ ಅಂತೀರಲ್ಲ ಸರ್, ಮತ್ತೆ ಸಿನಿಮಾದಲ್ಲಿ ಹಾಸ್ಯನಟ ಎನ್.ಎಸ್. ರಾವ್ ಜೊತೆ ಆ ಡಬಲ್ ಮೀನಿಂಗ್ ಕಾಮಿಡಿ ಎಲ್ಲ ಯಾಕೆ ಮಾಡಿದ್ರು?" ಮದುವೆ ಮನೆಗಳಲ್ಲಿ ನೆಂಟರೂ ಇದನ್ನೇ ಕೇಳಿದ್ದಾರೆ.

ಹೊಟ್ಟೆಪಾಡಿಗೆ. ಇದು ಮೊದಲ ಉತ್ತರ, ಇದರಲ್ಲಿ ನಾಚಿಕೆ ಪಡುವಂಥದ್ದು ಏನೂ ಇಲ್ಲ. ಬೆಂಗಳೂರಿನ ಹವ್ಯಾಸಿ ರಂಗಭೂಮಿ ಅಂದರೆ ಆಫೀಸು ಮುಗಿಸಿ ಸಂಜೆ ತಾಲೀಮಿಗೆ ಬರುವವರ ಜಗತ್ತು. ಅಲ್ಲಿ ಬಸ್ ಚಾರ್ಜು ಕೊಟ್ಟರೆ ಅದೇ ಜಾಸ್ತಿ. ಉಮಾಶ್ರೀ ಇಬ್ಬರು ಮಕ್ಕಳನ್ನು ಒಬ್ಬರೇ ಸಾಕಬೇಕಿತ್ತು. 1984ರಲ್ಲಿ ಕಾಶಿನಾಥ್ ಅವರ 'ಅನುಭವ' ಸಿನಿಮಾ ಬಂತು, ಜನ ಗುರುತಿಸಿದರು. ಆಮೇಲೆ ಅದೇ ಥರದ ಪಾತ್ರಗಳು ಸಾಲುಗಟ್ಟಿ ಬಂದವು. ಆ ಸಂಭಾಷಣೆ ಬರೆದವರು ಬೇರೆಯವರು. ಬೈಗುಳ ಮಾತ್ರ ಅದನ್ನು ಹೇಳಿದ ಹೆಂಗಸಿಗೆ. ಇದು ನನಗೆ ಇವತ್ತಿಗೂ ನೋವು ಕೊಡುವ ವಿಷಯ.

ಆದರೆ ನನ್ನ ನಿಜವಾದ ಉತ್ತರ ಸಾಕವ್ವ.

ದೇವನೂರ ಮಹಾದೇವ ಅವರ 'ಒಡಲಾಳ' ಕಥೆಯನ್ನು ನಾಟಕ ನಿರ್ದೇಶಕ ಸಿಜಿಕೆ ರಂಗಕ್ಕೆ ತಂದಾಗ ಸಾಕವ್ವ ಆದವರು ಉಮಾಶ್ರೀ. ಕಥೆ ಗೊತ್ತಲ್ವಾ? ಮುದುಕಿಯ ಹುಂಜ ಕಳೆದುಹೋಗಿದೆ, ಅದನ್ನು ಹುಡುಕಿಕೊಂಡು ಅಲೆಯುತ್ತಾಳೆ. ರಾತ್ರಿ ಮನೆಮಂದಿಯೆಲ್ಲ ಸುತ್ತ ಕೂತು ಕದ್ದು ತಂದ ಕಡಲೆಕಾಯಿ ತಿನ್ನುತ್ತಾರೆ. ಸಾಕವ್ವನ ಪಾತ್ರ ಮಾಡುವುದಕ್ಕೆ ಬಿಳಿ ಕೂದಲು ಹಚ್ಚಿ ನಡು ಬಗ್ಗಿಸಿದರೆ ಆಗುವುದಿಲ್ಲ. ಆ ಮಾತು ನಂಜನಗೂಡು ಕಡೆಯದು. ಉಮಾಶ್ರೀ ತಿಪಟೂರು ತಾಲೂಕಿನ ನೊಣವಿನಕೆರೆಯವರು. ಅಲ್ಲಿಗೂ ಇಲ್ಲಿಗೂ ರಾಗವೇ ಬೇರೆ. ಒಂದು ಸೀಮೆಯ ಮುದುಕಿ ಎಲ್ಲಿ ಉಸಿರು ಎಳೆಯುತ್ತಾಳೆ, ಯಾವ ಪದವನ್ನು ಜಗ್ಗುತ್ತಾಳೆ ಅನ್ನುವುದನ್ನು ಕಿವಿಯಿಂದಲೇ ಹಿಡಿಯಬೇಕು.

ಇದೇ ಕಿವಿ ಕಾಮಿಡಿಯಲ್ಲೂ ಕೆಲಸ ಮಾಡುತ್ತಿತ್ತು. ಆ ಹಳೇ ಸಿನಿಮಾಗಳ ಒಂದು ದೃಶ್ಯ ಹಾಕಿಕೊಂಡು, ಮಾತಿನ ಅರ್ಥ ಬಿಟ್ಟು ಸುಮ್ನೆ ಅವರನ್ನು ಮಾತ್ರ ನೋಡಿ. ಎದುರಿನವರ ಮಾತು ಮುಗಿದ ಮೇಲೆ ಅರೆಗಳಿಗೆ ತಡೆದು ಉತ್ತರ ಕೊಡುತ್ತಾರೆ. ಆ ತಡೆಯಲ್ಲೇ ನಗು ಇದೆ. ಅಷ್ಟು ಹದವಾಗಿ ತಡೆಯುವುದು ರಂಗದ ಮೇಲೆ ನಿಂತವರಿಗೆ ಬರುವಂಥದ್ದು.

ಸಿನಿಮಾದವರು ಇದನ್ನು ಗುರುತಿಸುವುದಕ್ಕೆ ಬಹಳ ವರ್ಷ ತೆಗೆದುಕೊಂಡರು. 2008ರ 'ಗುಲಾಬಿ ಟಾಕೀಸ್'. ಗಿರೀಶ್ ಕಾಸರವಳ್ಳಿ ನಿರ್ದೇಶನ, ವೈದೇಹಿ ಅವರ ಕಥೆ. ಗುಲಾಬಿ ಕುಂದಾಪುರ ಕಡೆಯ ಮೀನುಗಾರರ ನಡುವೆ ಬದುಕುವ ಮುಸ್ಲಿಂ ಸೂಲಗಿತ್ತಿ, ಸಿನಿಮಾ ಅಂದರೆ ಜೀವ. ಹೆರಿಗೆ ಮಾಡಿಸಿದ್ದಕ್ಕೆ ಮನೆಗೆ ಟಿವಿ ಬರುತ್ತದೆ, ಕೇರಿಯ ಹೆಂಗಸರು ನೋಡುವುದಕ್ಕೆ ಬಂದು ಕೂರುತ್ತಾರೆ. ಇನ್ನೊಂದು ಸೀಮೆ, ಇನ್ನೊಂದು ಕನ್ನಡ. ಪರದೆಯ ಬೆಳಕು ಮುಖದ ಮೇಲೆ ಬಿದ್ದಾಗ ಗುಲಾಬಿಯ ಕಣ್ಣು ನೋಡಿ. ಆ ಪಾತ್ರ ಮಾಡಿದ ಉಮಾಶ್ರೀಗೆ ಅತ್ಯುತ್ತಮ ನಟಿ ರಾಷ್ಟ್ರಪ್ರಶಸ್ತಿ ಬಂತು. ಆಮೇಲೆ ಶಾಸಕಿ ಆದರು, 2013ರಲ್ಲಿ ಸಚಿವೆ ಆದರು. ಈಗಿನ ಮಕ್ಕಳಿಗೆ ಅವರು ಧಾರಾವಾಹಿಯ ಪುಟ್ಟಕ್ಕ.

ಪ್ರಶ್ನೆ ಕೇಳಿದವರಿಗೆ ನಾನು ಇಷ್ಟು ಹೇಳಿ ಒಂದು ಕೆಲಸ ಕೊಡುತ್ತೇನೆ. "ಹುಂಜ ಕಳೆದಿದೆ. ಮಾತಾಡದೆ ಹುಡುಕು." ಹೋದ ತಿಂಗಳು ಒಬ್ಬ ಹುಡುಗಿ ಎದ್ದಳು. ಮೊದಲು ಸೊಂಟ ಬಗ್ಗಿಸಿ, ಕೈ ನಡುಗಿಸಿ ನಡೆದಳು. ಎಲ್ಲರೂ ನಕ್ಕರು. ಎರಡನೇ ಸಲ ನೆಟ್ಟಗೇ ನಡೆದು ಬಂದು, ಕುರ್ಚಿಯ ಕೆಳಗೆ ಬಗ್ಗಿ ನೋಡಿ, ಅಲ್ಲೇ ಕುಕ್ಕರುಗಾಲಲ್ಲಿ ಕೂತುಬಿಟ್ಟಳು. ಈ ಸಲ ಯಾರೂ ನಗಲಿಲ್ಲ.