ಸುಳ್ಳು ಕಿಟಕಿ ಮತ್ತು ನಮ್ಮ ಡ್ರಾಯಿಂಗ್ ಮೇಷ್ಟ್ರು

ಸಿನಿಮಾಗಳಿಗೆ ನಾನು ಹಾಕಿಸಿದ ಸೆಟ್ಟಿನ ಮನೆಗಳನ್ನು ನೋಡಿದವರು, ಈ ವಿದ್ಯೆ ಎಲ್ಲಿ ಕಲಿತಿರಿ ಎಂದು ಕೇಳುತ್ತಾರೆ. ಮೈಸೂರಿನ ಕಾವಾ ಚಿತ್ರಕಲಾ ಕಾಲೇಜಿನಲ್ಲಿ ಓದಿದ್ದು ನಿಜ. ಆದರೆ ಗೋಡೆಯನ್ನು ನೋಡಲು ಕಲಿಸಿದವರು ತೀರ್ಥಹಳ್ಳಿ ಸೀಮೆಯ ನಮ್ಮ ಹೈಸ್ಕೂಲಿನ ಡ್ರಾಯಿಂಗ್ ಮೇಷ್ಟ್ರು. ಕಳೆದ ಮಳೆಗಾಲದಲ್ಲಿ ಅವರು ತೀರಿಕೊಂಡರು.

ಪುಸ್ತಕದ ಪಾಠಗಳೆಲ್ಲ ಮರೆತುಹೋಗಿವೆ. ಮೇಷ್ಟ್ರು ನಮ್ಮನ್ನು ಊರೊಳಗೆ ಕರೆದೊಯ್ದು ಯಾರದೋ ಹಳೆಯ ಮನೆಯ ಜಗಲಿಯೆದುರು ನಿಲ್ಲಿಸುತ್ತಿದ್ದರು. "ಈ ಮನೆಯಲ್ಲಿ ಯಾರ್ಯಾರಿದ್ದಾರೆ? ಒಳಗೆ ಹೋಗಿ ಕೇಳಬೇಡಿ, ಗೋಡೆ ನೋಡಿ ಹೇಳಿ." ಅಜ್ಜ ಒರಗುವ ಜಾಗದಲ್ಲಿ ತಲೆಯೆಣ್ಣೆಯ ಕಪ್ಪು. ಎಲೆಯಡಿಕೆ ಹಾಕಿದವರು ಮಿಕ್ಕ ಸುಣ್ಣವನ್ನು ಕಂಬಕ್ಕೆ ಒರೆಸಿದ ಬೆರಳಿನ ಗುರುತು. ಸೊಂಟದೆತ್ತರದಲ್ಲಿ ಇದ್ದಿಲಿನ ಗೀಚು ಕಂಡರೆ ಮನೆಯಲ್ಲಿ ಚಿಕ್ಕ ಮಕ್ಕಳಿದ್ದಾರೆ ಎಂದೇ ಅರ್ಥ.

ಒಂಬತ್ತನೇ ತರಗತಿಯಲ್ಲಿ ನಾವು ಕೆಲವರು ಸೇರಿ ಶಾಲೆಯ ಉಗ್ರಾಣದ ಬೋಳು ಗೋಡೆಗೆ ಕೆಮ್ಮಣ್ಣು, ಇದ್ದಿಲು, ಬಟ್ಟೆಯ ನೀಲಿ ಕಲಸಿ ಅರೆತೆರೆದ ಕಿಟಕಿಯೊಂದನ್ನು ಬರೆದೆವು. ಹಿಂಗಾರಿನ ಮಳೆ ಶುರುವಾದಾಗ ವಿಜ್ಞಾನದ ಮೇಷ್ಟ್ರು ಅದನ್ನು ಮುಚ್ಚಲು ಓಡಿದರು. ಅಂಗೈಗೆ ಹತ್ತಿದ್ದು ಕೆಮ್ಮಣ್ಣು! ಹೆಡ್ಮಾಸ್ಟರು ಬೆತ್ತ ಹಿಡಿದು ಬಂದರು. ಡ್ರಾಯಿಂಗ್ ಮೇಷ್ಟ್ರು ಮಾತ್ರ ಕಿಟಕಿಯನ್ನೇ ನೋಡುತ್ತ ನಿಂತರು. ಮರುದಿನ ಪ್ರಾರ್ಥನೆಯ ಹೊತ್ತಿಗೊಮ್ಮೆ, ಸಂಜೆ ಗಂಟೆ ಹೊಡೆದ ಮೇಲೊಮ್ಮೆ ನಮ್ಮನ್ನು ಅಲ್ಲಿ ನಿಲ್ಲಿಸಿ, "ಬೆಳಿಗ್ಗೆ ನಿಜವಾಗಿದ್ದ ಕಿಟಕಿ ಸಂಜೆಗೆ ಯಾಕೋ ಸುಳ್ಳಾಯಿತು?" ಎಂದರು. ಪಕ್ಕದ ಕಿಟಕಿಗಳ ನೆರಳು ತಿರುಗಿತ್ತು, ನಾವು ಬರೆದ ನೆರಳು ಬೆಳಗಿನದೇ ಆಗಿ ಉಳಿದಿತ್ತು. ಇಂದಿಗೂ ಹೊರಾಂಗಣ ಸೆಟ್‌ನಲ್ಲಿ ನಾನು ನೆರಳು ಬರೆಸುವುದಿಲ್ಲ. ಕಿಟಕಿಗೆ ಆಳ ಕೊಟ್ಟು ಬಿಸಿಲೇ ನೆರಳು ಹಾಕುವಂತೆ ಮಾಡುತ್ತೇನೆ.

ಶಂಕರ್ ನಾಗ್ ಆಗುಂಬೆಯಲ್ಲಿ 'ಮಾಲ್ಗುಡಿ ಡೇಸ್' ಚಿತ್ರೀಕರಿಸುತ್ತಿದ್ದ ಕಾಲ ಅದು. ಮೇಷ್ಟ್ರು ನಮ್ಮನ್ನು ಬಸ್ಸು ಹತ್ತಿಸಿ ಕರೆದೊಯ್ದರು. ಗೆಳೆಯರೆಲ್ಲ ನಟರನ್ನು ಹುಡುಕುತ್ತಿದ್ದರೆ ನನ್ನ ಕಣ್ಣು ಅಂಗಡಿಗಳ ಹಲಗೆಯ ಮೇಲಿತ್ತು. ಕಂಡ ಊರನ್ನೇ ಕಾಣದ ಊರಾಗಿ ಮಾಡಿದ್ದ ಕಲಾ ನಿರ್ದೇಶಕರು ಜಾನ್ ದೇವರಾಜ್. ಇಂಥದೊಂದು ಕೆಲಸವಿದೆ ಎಂದು ನನಗೆ ಗೊತ್ತಾದದ್ದೇ ಅಂದು.

ಪ್ಲೈವುಡ್ಡು, ಪ್ಲಾಸ್ಟರ್ ಆಫ್ ಪ್ಯಾರಿಸ್‌ನಿಂದ ಮನೆ ಎಬ್ಬಿಸಲು ಬಡಗಿಗಳಿದ್ದಾರೆ. ಅದಕ್ಕೆ ವಯಸ್ಸು ತರುವುದೇ ಕಷ್ಟ. ಕಾಗದ, ಬಟ್ಟೆಗಳನ್ನು ಚಹಾ ಡಿಕಾಕ್ಷನ್ನಿನಲ್ಲಿ ಅದ್ದಿ ಹಳತು ಮಾಡಬಹುದು. ಗೋಡೆಯ ಮೇಲೆ ಯಾರ ಕೈ ಎಲ್ಲಿ ತಾಗಿರಬೇಕು ಎಂಬುದನ್ನು ಮಾತ್ರ ಕಲಾ ನಿರ್ದೇಶಕನೇ ಹೇಳಬೇಕು. ನನ್ನ ಸೆಟ್ಟನ್ನು ನಿಜವಾದ ಮನೆಯೆಂದು ನಂಬಿ ವಿಳಾಸ ಕೇಳಿದವರಿದ್ದಾರೆ. ನನಗೆ ಅದಕ್ಕಿಂತ ದೊಡ್ಡ ಸನ್ಮಾನ ಬೇಕಿಲ್ಲ. 1997ರ 'ತಾಯಿ ಸಾಹೇಬ' ಚಿತ್ರಕ್ಕಾಗಿ ರಮೇಶ್ ದೇಸಾಯಿಯವರಿಗೆ ಕಲಾ ನಿರ್ದೇಶನದ ರಾಷ್ಟ್ರಪ್ರಶಸ್ತಿ ಬಂದಾಗ ಮೇಷ್ಟ್ರು ನನಗೊಂದು ಕಾರ್ಡು ಬರೆದಿದ್ದರು: "ನಿನ್ನ ಕಸುಬಿನವರಿಗೆ ಮರ್ಯಾದೆ ಸಿಕ್ಕಿತು. ಚಿತ್ರ ನೋಡು, ಗೋಡೆಗಳನ್ನೂ ನೋಡು."

ಈಗ ಡ್ರಾಯಿಂಗ್ ಪೀರಿಯಡ್ಡನ್ನು ಗಣಿತಕ್ಕೆ ಬಿಟ್ಟುಕೊಡುವ ಶಾಲೆಗಳೇ ಹೆಚ್ಚು. ಮಕ್ಕಳು ಪ್ರಾಜೆಕ್ಟ್ ಎಂದು ಪ್ರಿಂಟ್ ತೆಗೆಸಿದ ಚಿತ್ರ ಅಂಟಿಸುತ್ತಾರೆ. ಗಣಿತ ಬೇಡವೆನ್ನುತ್ತಿಲ್ಲ, ಅಳತೆಯಿಲ್ಲದೆ ಸೆಟ್ ನಿಲ್ಲುವುದಿಲ್ಲ. ಆದರೆ ಕಣ್ಣು ಪಳಗುವ ವಯಸ್ಸು ಅದೇ, ಆಮೇಲೆ ಬರುವುದಿಲ್ಲ. ಹಳೆಯ ವಿದ್ಯಾರ್ಥಿ ಸಂಘದವರಲ್ಲಿ ನನ್ನದೊಂದು ಕೋರಿಕೆ: ಆ ಉಗ್ರಾಣವನ್ನು ಚಿತ್ರಕಲೆಯ ಕೋಣೆ ಮಾಡೋಣ. ಹಲಗೆ, ಬಣ್ಣ, ಬ್ರಷ್ಷುಗಳ ಖರ್ಚು ನನ್ನದು. ದಸರಾ ರಜೆಯಲ್ಲಿ ಬಂದು ನಾನೇ ಹೇಳಿಕೊಡುತ್ತೇನೆ.